ಪ್ರಮಾಣಪತ್ರದ ಅವಧಿ ಮುಗಿಯಲಿ ಎಂದು

ನಮ್ಮ ಕಡೆ ಹೆಣ್ಣುಮಕ್ಕಳು ತವರಿಗೆ ಹೋಗಬೇಕೆಂದರೆ ನೆಪಗಳಿಗೆ ಬರವಿಲ್ಲ. ಪಂಚಮಿ ಬಂತೆಂದರೆ ಅಣ್ಣ ಕರೆಯಲಿಕ್ಕೆ ಬರುತ್ತಾನೆ. ಚೊಚ್ಚಲ ಬಸಿರಾದರೆ ಅವ್ವ ಬರುತ್ತಾಳೆ. ಏನೂ ಇಲ್ಲದಿದ್ದರೆ ತಲೆನೋವು ಎಂದು ಹೇಳಿಯೂ ಹೊರಡಬಹುದು. ನನಗಿದ್ದದ್ದು ಒಂದೇ ನೆಪ. ನನ್ನ ಜಾತಿ ಪ್ರಮಾಣಪತ್ರದ ಅವಧಿ ಮುಗಿಯಬೇಕಿತ್ತು. ಅದು ಮುಗಿದಾಗಲೂ ನಾನು ಹೋಗುತ್ತಿದ್ದದ್ದು ತವರುಮನೆಗಲ್ಲ, ಆಳಂದದ ತಹಸೀಲ್ ಕಚೇರಿಗೆ. ಅಲ್ಲಿಯ ವರಾಂಡದಲ್ಲಿ ಒಂದು ಕುಂಟು ಬೆಂಚಿತ್ತು. ನನ್ನ ಪಾಲಿನ ತವರು ಅದೇ.

ನಗು ಬಂದರೆ ನಗಿರಿ. ಈಗ ನನಗೂ ಬರುತ್ತದೆ. ಆಗ ಬರುತ್ತಿರಲಿಲ್ಲ.

ನಾವು ಹೂಗಾರರು. ಊರು ಆಳಂದ ತಾಲೂಕಿನಲ್ಲಿ, ಸರಸಂಬಾದ ಕಡೆಗೆ ಹೋಗುವ ದಾರಿಯ ಒಂದು ಹಳ್ಳಿ. ಊರಿನ ಮನೆಮನೆಗೆ ಲಿಂಗಪೂಜೆಗೆ ಪತ್ರಿ ಮುಟ್ಟಿಸುವುದು ಅಪ್ಪನ ಕೆಲಸ. ಪತ್ರಿ ಎಂದರೆ ಮೂರು ದಳದ ಬಿಲ್ವದ ಎಲೆ. ಬೆಳಗಾಗುವುದರೊಳಗೆ ಅಪ್ಪ ಹಳ್ಳದ ದಂಡೆಯ ಮರಗಳಿಂದ ಅದನ್ನು ಹರಿದು ತರುತ್ತಿದ್ದ. ಅವ್ವ ಬುಟ್ಟಿಯಲ್ಲಿ ಒದ್ದೆ ಬಟ್ಟೆ ಹಾಸಿ ಒಂದೊಂದೇ ಎಲೆ ನೋಡಿ ಇಡುತ್ತಿದ್ದಳು. ಹುಳ ತಿಂದದ್ದು, ದಳ ಮುರಿದದ್ದು ಯಾರ ಮನೆಗೂ ಹೋಗುವಂತಿರಲಿಲ್ಲ. ನಾನು ಅಪ್ಪನ ಹಿಂದೆ ಓಡುತ್ತ ಹೊಸ್ತಿಲು ಹೊಸ್ತಿಲಿಗೆ ಪತ್ರಿ ಇಟ್ಟು ಬರುತ್ತಿದ್ದೆ. ಸುಗ್ಗಿಯಲ್ಲಿ ಆ ಮನೆಗಳವರು ಕಣಕ್ಕೆ ಕರೆದು ಜೋಳ ಅಳೆದು ಕೊಡುತ್ತಿದ್ದರು. ನಮ್ಮ ಮನೆಯ ರೊಟ್ಟಿ ಹುಟ್ಟುತ್ತಿದ್ದದ್ದು ಆ ಎಲೆಯಿಂದ.

ನನಗೆ ಅಣ್ಣತಮ್ಮಂದಿರಿಲ್ಲ, ಅಕ್ಕತಂಗಿಯರಿಲ್ಲ. ಹೈಸ್ಕೂಲಿಗೆಂದು ಆಳಂದಕ್ಕೆ ಬಸ್ಸಿನಲ್ಲಿ ಹೋಗತೊಡಗಿದಾಗ ಊರವರು ಅಪ್ಪನನ್ನು ಕಾಡುತ್ತಿದ್ದರು, "ಹೆಣ್ಣಹುಡುಗಿ ಓದಿ ಏನ್ ದೇಶ ಆಳ್ತದೋ ಮಾರಾಯ?" ಅಪ್ಪನದು ಒಂದೇ ಉತ್ತರ: "ನನ್ನ ಮಗಳು ಶಾಲಿ ಬಾಯಾರ ಆಗ್ತಾಳ." ನಮ್ಮ ಕಡೆ ಶಿಕ್ಷಕಿಗೆ ಬಾಯಾರು ಎನ್ನುತ್ತಾರೆ. ಈ ಮಾತನ್ನು ಅವನು ಕಟ್ಟೆಯ ಮೇಲೆ, ಕಣದಲ್ಲಿ, ಪತ್ರಿ ಕೊಡುವ ಹೊಸ್ತಿಲಿನಲ್ಲಿ, ಕೇಳಿದವರಿಗೂ ಕೇಳದವರಿಗೂ ಹೇಳಿಕೊಂಡು ಬಂದಿದ್ದ. ಕೇಳಿ ಕೇಳಿ ನನಗೂ ಅದು ಆಗಿಹೋದ ಸಂಗತಿ ಎನ್ನಿಸಿಬಿಟ್ಟಿತ್ತು.

ಎಪ್ಪತ್ತರ ದಶಕದ ಕೊನೆಗೆ ಶಿಕ್ಷಕರ ತರಬೇತಿಗೆಂದು ಗುಲಬರ್ಗಾಕ್ಕೆ ಹೋದೆ. ಅಲ್ಲಿ ಜೊತೆಗೆ ಕಲಿಯುತ್ತಿದ್ದವನನ್ನು ಮದುವೆಯಾದೆ. ಅವನು ಜೇವರ್ಗಿ ತಾಲೂಕಿನ ಅಂದೋಲಾದ ಕಡೆಯವನು. ಅವನ ಜಾತಿ ಯಾವುದು ಎಂದು ಇಲ್ಲಿ ಬರೆಯುವುದಿಲ್ಲ. ಬರೆದರೆ ಓದುವವರು ಮೊದಲು ಅದನ್ನೇ ತೂಗಿ ನೋಡುತ್ತಾರೆ. ಬೇರೆ ಜಾತಿ, ಅಷ್ಟು ತಿಳಿದರೆ ಸಾಕು.

ಸುದ್ದಿ ಊರಿಗೆ ಮುಟ್ಟಿದ ದಿನ ಅಪ್ಪ ಏನು ಮಾಡಿದ ಎಂಬುದನ್ನು ಆಮೇಲೆ ಕೇಳಿ ತಿಳಿದೆ. ಬೈಯಲಿಲ್ಲ, ಅಳಲಿಲ್ಲ. ಈಶ್ವರನ ಗುಡಿಯ ಮುಂದೆ ಹಿರಿಯರನ್ನು ಕರೆಸಿದ. ಅಂಗೈಯಲ್ಲಿ ಪತ್ರಿ ಇಟ್ಟುಕೊಂಡು, ಅದರ ಮೇಲೆ ಒಂದು ಚಿಟಿಕೆ ಭಂಡಾರ, ಅಂದರೆ ದೇವರ ಅರಿಸಿನ, ಹಾಕಿಸಿಕೊಂಡು, "ಇವತ್ತಿನಿಂದ ನನಗ ಮಗಳಿಲ್ಲ" ಎಂದ. ನಮ್ಮಲ್ಲಿ ಹೀಗೆ ಪತ್ರಿ ಭಂಡಾರ ಹಿಡಿದು ಆಡಿದ ಮಾತನ್ನು ಹಿಂದಕ್ಕೆ ತೆಗೆದುಕೊಳ್ಳುವುದಿಲ್ಲ. ಬೇರೆ ಯಾರಾದರೂ ತಪ್ಪಿದರೆ ಊರು ಹೇಗೋ ನುಂಗಿಕೊಂಡೀತು. ದಿನಾ ಪತ್ರಿ ಹಿಡಿಯುವ ಕೈ ತಪ್ಪಿದರೆ ಮರುದಿನ ಆ ಕೈಯಿಂದ ಪತ್ರಿ ಯಾರು ತೆಗೆದುಕೊಳ್ಳಬೇಕು? ಅದು ಅಪ್ಪನಿಗೆ ಗೊತ್ತಿತ್ತು. ಗೊತ್ತಿದ್ದೇ ಹಿಡಿದ. ಆ ಸಿಟ್ಟು ನನಗೆ ಬಹಳ ವರ್ಷ ಇತ್ತು. ಬೈದಿದ್ದರೆ, ಹೊಡೆದಿದ್ದರೆ, ಒಂದಿಲ್ಲೊಂದು ದಿನ ಕರಗುತ್ತಿತ್ತಲ್ಲ ಎಂದು ಒಬ್ಬಳೇ ಕೂತು ಅವನ ಸಂಗಡ ಮನಸ್ಸಿನಲ್ಲೇ ಜಗಳಾಡುತ್ತಿದ್ದೆ. ಅಪ್ಪ ಬದುಕಿರುವತನಕ ನಾನು ಆ ಮನೆಯ ಹೊಸ್ತಿಲು ದಾಟಲಿಲ್ಲ.

ಗಂಡನ ಮನೆಯಲ್ಲಿ ನನ್ನನ್ನು ಹೊರಗೇನೂ ಹಾಕಲಿಲ್ಲ. ಆದರೆ ಪಡಸಾಲೆಯಿಂದ ಅಡುಗೆಮನೆಗೆ ಹೋಗಲಿಕ್ಕೆ ವರ್ಷಗಳೇ ಹಿಡಿದವು. ಅತ್ತೆ ಸಿಟ್ಟಿನವಳಲ್ಲ. ನೀರಿನ ಕೊಡ ಮುಟ್ಟುವ ಮುಂಚೆ ನನ್ನ ಮುಖ ಒಮ್ಮೆ ನೋಡುತ್ತಿದ್ದಳು, ಅಷ್ಟೇ. ಆ ನೋಟಕ್ಕೆ ಏನು ಉತ್ತರ ಕೊಡಬೇಕು? ಅತ್ತ ಮಗಳಲ್ಲ, ಇತ್ತ ಪೂರ್ತಿ ಸೊಸೆಯೂ ಅಲ್ಲ. ಹೊತ್ತು ಮುಳುಗುವಾಗ ಅಂಗಳದಲ್ಲಿ ನಿಂತರೆ ನನ್ನೂರು ಯಾವ ದಿಕ್ಕಿಗಿದೆ ಎಂದು ಕಣ್ಣು ತಾನೇ ಹುಡುಕುತ್ತಿತ್ತು. ಆಳಂದ ಅಲ್ಲಿಂದ ಉತ್ತರಕ್ಕೆ. ನಡುವೆ ಭೀಮಾ ನದಿ, ಗುಲಬರ್ಗಾ, ಅಪ್ಪನ ಮಾತು.

ಆಗ ಪ್ರಾಥಮಿಕ ಶಾಲೆಯ ಶಿಕ್ಷಕರ ನೇಮಕಾತಿಗೆ ಅರ್ಜಿ ಕರೆದರು. ಹಿಂದುಳಿದ ವರ್ಗದಲ್ಲಿ ಅರ್ಜಿ ಹಾಕಿದರೆ ನನ್ನ ಅಂಕಗಳಿಗೆ ಆಸೆ ಇಟ್ಟುಕೊಳ್ಳಬಹುದಿತ್ತು, ಇಲ್ಲದಿದ್ದರೆ ಇಲ್ಲ. ಜೇವರ್ಗಿಯ ಕಚೇರಿಗೆ ಹೋಗಿ ಜಾತಿ ಪ್ರಮಾಣಪತ್ರ ಕೇಳಿದೆ. ಅಲ್ಲಿಯವನು ನನ್ನ ಕಾಗದ ತಿರುವಿ ನೋಡಿ ಹೇಳಿದ, "ಜಾತಿ ಹುಟ್ಟಿನಿಂದ ಬರ್ತದ್ರಿ, ಲಗ್ನದಿಂದ ಬರೂದಿಲ್ಲ. ನಿಮ್ಮ ಅಪ್ಪನ ಊರಾಗ ಮಾಡಿಸ್ರಿ. ಸರ್ಕಾರದ ಲೆಕ್ಕದಾಗ ನೀವು ಯಾವಾಗಲೂ ನಿಮ್ಮ ಅಪ್ಪನ ಮಗಳೇ."

ಅವನು ನಿಯಮ ಹೇಳಿದ್ದು. ನಾನು ಹೊರಗೆ ಬಂದು ಬೇವಿನ ಮರದ ಕೆಳಗೆ ನಿಂತು ಅತ್ತೆ. ಗಂಡ ಗಾಬರಿಯಾಗಿ, "ಯಾಕ, ಆಗೂದಿಲ್ಲ ಅಂದ್ರೇನು?" ಎಂದ. "ಆಗ್ತದಂತ, ಆಗ್ತದಂತ" ಎಂದು ಮತ್ತೂ ಅತ್ತೆ. ಅವನಿಗೆ ತಿಳಿಯಲಿಲ್ಲ. ಗಂಡಸರಿಗೆ ಇಂಥವು ಬೇಗ ತಿಳಿಯುವುದಿಲ್ಲ.

ಆಳಂದದಲ್ಲಿ ಅರ್ಜಿ ಕೊಟ್ಟೆ. ಆ ಟೇಬಲ್ಲಿನ ಗುಮಾಸ್ತರು ಎಲೆ ಅಡಿಕೆಯ ಬಾಯಿಯ, ನಿಧಾನದ ಮನುಷ್ಯ. ಮುಂದೆ ನಾನು ಹೋದಾಗಲೆಲ್ಲ ಅವರೇ ಇದ್ದರು. ಅರ್ಜಿಯನ್ನು ಊರಿನ ವಿಚಾರಣೆಗೆಂದು ತಲಾಟಿಗೆ, ಅಂದರೆ ಹಳ್ಳಿಯ ಲೆಕ್ಕ ನೋಡುವವನಿಗೆ, ಕಳಿಸಿದರು. ಮುಂದಿನ ವಾರ ಹೋದೆ. ಗುಮಾಸ್ತರು ಕನ್ನಡಕ ಏರಿಸಿಕೊಂಡು ವರದಿ ಓದಿ, ಸಂಕೋಚದಿಂದ ಹೇಳಿದರು:

"ತಂಗಿ, ನಿಮ್ಮೂರಾಗ ಹೂಗಾರರ ಮನಿ ಅದ ಖರೇ. ಆದರ ಅವರಿಗಿ ಮಗಳಿಲ್ಲಂತ."

ಸಿಟ್ಟು ನೆತ್ತಿಗೇರಿತು. ತಲಾಟಿಯನ್ನು ಹಿಡಿದುಕೊಂಡು ಅದೇ ದಿನ ಊರಿಗೆ ಹೋದೆ. ಮನೆಯ ಕಡೆ ತಿರುಗಲಿಲ್ಲ. ಊರಬಾಗಿಲ ಅಗಸಿಯ ಕಟ್ಟೆಯ ಮೇಲೆ ಕೂತಿದ್ದವರು ಹೊಸಬರಲ್ಲ. ಅವರ ಹೊಸ್ತಿಲುಗಳಿಗೆ ನಾನು ಪತ್ರಿ ಇಟ್ಟವಳು. "ನನ್ನ ಗುರುತ ಇಲ್ಲೇನ್ರಿ ನಿಮಗ? ಯಾಕ ಸುಳ್ಳ ಹೇಳಿದ್ರಿ?" ಎಂದು ಎಲ್ಲರಿಗೂ ಕೇಳುವಂತೆ ಕೂಗಿದೆ.

ಎಲ್ಲರಿಗಿಂತ ಹಿರಿಯ ಒಬ್ಬರು ರುಮಾಲು ಸರಿಮಾಡಿಕೊಂಡು ಮೆಲ್ಲಗೆ ಹೇಳಿದರು, "ಗುರುತ ಯಾಕ ಇರೂದಿಲ್ಲವ್ವ? ಇದೇ ಕಟ್ಟಿಮ್ಯಾಲ ಆಡಿ ಬೆಳದಾಕಿ ನೀ. ಆದರ ನಿಮ್ಮಪ್ಪ ಪತ್ರಿ ಹಿಡದು ಮಗಳಿಲ್ಲ ಅಂದಾನ. ಅಂವ ಇಲ್ಲ ಅಂದ ಮ್ಯಾಲ ನಾವು ಹೌದು ಅಂದ್ರ ಅವನ ಮಾತು ನಾವ ಮುರದಂಗ ಆಗ್ತದ. ಅವನ ಮಾರಿ ಹ್ಯಾಂಗ ನೋಡೂಣು?"

ತಲಾಟಿ ಹಣೆ ಹಣೆ ಚಚ್ಚಿಕೊಂಡ. "ಯಜಮಾನ್ರ, ನಾ ಕೇಳಿದ್ದು ಸರ್ಕಾರದ್ರಿ!" ಎಂದ. "ಸರ್ಕಾರಕ್ಕೂ ಅದೇ ಹೇಳೀವಿ" ಎಂದರು ಹಿರಿಯರು. ಅವರ ಮುಖದಲ್ಲಿ ಕುಹಕ ಕಾಣಲಿಲ್ಲ. ಊರೆಲ್ಲ ಕೂಡಿ ಅಪ್ಪನ ಮರ್ಯಾದೆ ಕಾಯಲಿಕ್ಕೆ ಹೋಗಿ ನನ್ನನ್ನು ಹುಟ್ಟಿಯೇ ಇಲ್ಲದಂತೆ ಮಾಡಿದ್ದರು. ಇಂಥವರ ಮೇಲೆ ಹೇಗೆ ಸಿಟ್ಟು ಮಾಡುವುದು?

ತಲಾಟಿಯೇ ದಾರಿ ಹೇಳಿದ. ಅಪ್ಪ ಸ್ವತಃ ಆಳಂದಕ್ಕೆ ಬಂದು ಗುಮಾಸ್ತರ ಮುಂದೆ ಹೇಳಿಕೆ ಕೊಟ್ಟರೆ ಪ್ರಮಾಣಪತ್ರ ಆಗುತ್ತದೆ, ಇಲ್ಲದಿದ್ದರೆ ಆಗುವುದಿಲ್ಲ. ಅರ್ಜಿಯ ಕೊನೆಯ ದಿನ ಹತ್ತಿರದಲ್ಲಿತ್ತು. ನಾನು ಸಿಕ್ಕ ಬಸ್ಸು ಹತ್ತಿ ಬಂದುಬಿಟ್ಟೆ. ಕಿಟಕಿಯಿಂದ ಮನೆಯ ಮಾಳಿಗೆ ಕಂಡಿತು. ಮಾಳಿಗೆಯ ಮೇಲೆ ಅವ್ವನ ಹಸಿರು ಸೀರೆ ಒಣಗುತ್ತಿತ್ತು. ಬಸ್ಸು ತಿರುವು ದಾಟುವತನಕ ಆ ಸೀರೆಯನ್ನೇ ನೋಡಿದೆ.

ಮನೆಗೆ ಸುದ್ದಿ ಮುಟ್ಟಿಸಿದವನು ತಲಾಟಿ, ಅಪ್ಪನನ್ನು ಒಪ್ಪಿಸಿದವಳು ಅವ್ವ. ಜಗಳ ಮಾಡಿ ಅಲ್ಲ. ಊಟಕ್ಕೆ ಬಡಿಸುತ್ತ, "ಆಣಿ ಈಶ್ವರನ ಗುಡಿ ಮುಂದ ಮಾಡಿದ್ದು. ಊರ ಸೀಮಿತನಕ ನಡೀತದ. ಸೀಮಿ ದಾಟಿ ಆಳಂದಾಗ ಹೇಳಿದ್ರ ಯಾವ ಆಣಿ ಮುರೀತದ?" ಎಂದಳಂತೆ. ಅಪ್ಪ ಊಟ ಮುಗಿಸಿ, ಕೈ ತೊಳೆದು, "ಬಸ್ ಎಷ್ಟಕ್ಕ ಅದ?" ಎಂದನಂತೆ. ಎಷ್ಟೋ ವರ್ಷದ ಮೇಲೆ ಅವ್ವ ಇದನ್ನು ನನಗೆ ಹೇಳಿದಳು, ಹೇಳುತ್ತ ಬಾಯಿಗೆ ಸೆರಗು ಹಿಡಿದು ನಕ್ಕಳು.

ಅಂತೂ ಅಪ್ಪ ಬಂದ. ನಾನು ಬೆಂಚಿನ ಈ ತುದಿಯಲ್ಲಿದ್ದೆ. ರುಮಾಲು ಸುತ್ತಿಕೊಂಡು, ಒಗೆದ ಧೋತರ ಉಟ್ಟು, ಅಪ್ಪ ನನ್ನ ಮುಂದೆಯೇ ಹಾದು ಒಳಗೆ ಹೋದ. ನನ್ನನ್ನು ನೋಡಲಿಲ್ಲ. ಪತ್ರಿಯ ವಾಸನೆ ಮಾತ್ರ ಹಿಂದೆ ಉಳಿಯಿತು. ನಾನು ಹಿಂದಿನಿಂದ ಹೋಗಿ ಬಾಗಿಲಲ್ಲಿ ನಿಂತೆ.

ಗುಮಾಸ್ತರು ನನ್ನ ಕಡೆ ಬೆರಳು ಮಾಡಿ ಕೇಳಿದರು, "ಈಕಿ ನಿಮಗ ಏನಾಗಬೇಕ್ರಿ?"

ಅಪ್ಪ ಎದುರಿನ ಗೋಡೆ ನೋಡಿದ. ತುಟಿಯಲ್ಲೇ ಏನೋ ಅಂದ.

"ಜರಾ ಜೋರಿಲೆ ಹೇಳ್ರಿ ಯಜಮಾನ್ರ."

"ನನ್ನ ಮಗಳ್ರಿ" ಎಂದ ಅಪ್ಪ, ಗೋಡೆಗೆ.

ನಿಜಾಮರ ಕಾಲದ ಶಾಲೆಯಲ್ಲಿ ಕಲಿತವನು, ಉರ್ದುವಿನಲ್ಲಿ ದಸ್ತಖತ್ ಮಾಡಿದ. ಬಂದ ದಾರಿಯಲ್ಲೇ ಬಸ್ ನಿಲ್ದಾಣಕ್ಕೆ ಹೋದ. ನಾನು ದೂರದಿಂದ ಅವನ ಬೆನ್ನು ನೋಡುತ್ತ ನಿಂತೆ. ಹಿಂದೆ ಓಡಿ ಕೈ ಹಿಡಿಯಬೇಕೆಂದು ಅನ್ನಿಸಿತು.

ಆ ಸಲ ನನಗೆ ನೌಕರಿ ಸಿಗಲಿಲ್ಲ. ಮುಂದಿನ ನೇಮಕಾತಿಗೆ ಹಳೆಯ ಪ್ರಮಾಣಪತ್ರ ನಡೆಯುವುದಿಲ್ಲ, ಅವಧಿ ಮುಗಿದಿದೆ, ಹೊಸದು ಬೇಕು ಎಂದರು. ಜೊತೆಗೆ ಅರ್ಜಿ ಹಾಕುತ್ತಿದ್ದವರೆಲ್ಲ ಸರ್ಕಾರಕ್ಕೆ ಶಾಪ ಹಾಕಿದರು. ಹುಟ್ಟಿದ ಜಾತಿ ವರ್ಷಕ್ಕೊಮ್ಮೆ ಹಳಸ್ತದೇನ್ರಿ ಎಂದು ಕೇಳಿದರು. ನ್ಯಾಯದ ಮಾತೇ. ನಾನೂ ಅವರ ಜೊತೆಗೆ ಹೌದ್ರಿ ಹೌದ್ರಿ ಎಂದೆ. ಮನೆಗೆ ಬಂದು ಪೆಟ್ಟಿಗೆಯಿಂದ ಒಳ್ಳೆಯ ಸೀರೆ ತೆಗೆದೆ. ಗಂಡ ನೋಡಿ, "ಆಳಂದಕ್ಕ ಹೊಂಟೀಯೇನು?" ಎಂದು ನಕ್ಕ. ಆ ಹೊತ್ತಿಗೆ ಅವನಿಗೂ ತಿಳಿದಿತ್ತು.

ಹೀಗೆ ಎಂಬತ್ತರ ದಶಕ ಕಳೆಯಿತು. ನೇಮಕಾತಿ ಬಂದಾಗ ಅರ್ಜಿ, ಅರ್ಜಿಗೆ ಹೊಸ ಪ್ರಮಾಣಪತ್ರ, ಪ್ರಮಾಣಪತ್ರಕ್ಕೆ ಅಪ್ಪನ ಹೇಳಿಕೆ. ಗುಮಾಸ್ತರು ಪ್ರತಿ ಸಲ ಅದೇ ಪ್ರಶ್ನೆ ಕೇಳುವರು. ಅಪ್ಪ ಪ್ರತಿ ಸಲ ಅದೇ ಗೋಡೆಗೆ ಉತ್ತರ ಹೇಳುವನು. ಎರಡನೆಯ ಸಲ ಅಪ್ಪ ಬೆಂಚಿನ ಆ ತುದಿಯಲ್ಲಿ ಕೂತ. ಮಧ್ಯದಲ್ಲಿ ಇನ್ನಾರೋ ಇಬ್ಬರು ಕೂತಿದ್ದರು. ಅದರ ಮುಂದಿನ ಸಲ ಮಧ್ಯದಲ್ಲಿ ಯಾರೂ ಇರಲಿಲ್ಲ. ಅಪ್ಪ ಒಂದು ಗಂಟು ತಂದು ಆ ಖಾಲಿ ಜಾಗದಲ್ಲಿ ಇಟ್ಟ. ಯಾರದೆಂದು ಹೇಳಲಿಲ್ಲ. ಹೋಗುವಾಗ ತೆಗೆದುಕೊಳ್ಳಲಿಲ್ಲ. ಬಿಚ್ಚಿ ನೋಡಿದರೆ ಅವ್ವ ಮಾಡಿದ ಶೇಂಗಾ ಹೋಳಿಗೆ, ಸಜ್ಜಿ ರೊಟ್ಟಿ, ಅಗಸೆ ಕುಟ್ಟಿದ ಚಟ್ನಿ ಹಿಂಡಿ. ಜೇವರ್ಗಿಯ ಬಸ್ಸಿನಲ್ಲಿ ಕೂತು, ಭೀಮಾ ಸೇತುವೆ ಬರುವುದರೊಳಗೆ ಅರ್ಧ ತಿಂದೆ. ಗಂಡನಿಗೆ ಉಳಿಸಬೇಕೆಂದು ನೆನಪಾದದ್ದು ಸೇತುವೆ ದಾಟಿದ ಮೇಲೆ.

ಇನ್ನೊಂದು ಸಲ ಮಗಳನ್ನು ಕರೆದುಕೊಂಡು ಹೋಗಿದ್ದೆ. ಎರಡು ವರ್ಷದ್ದು. ಅದಕ್ಕೆ ಬೆಂಚೂ ಒಂದೇ, ಆಣೆಯೂ ಒಂದೇ. ತಡವರಿಸುತ್ತ ಹೋಗಿ ಅಪ್ಪನ ಮೊಣಕಾಲು ಹಿಡಿದು ನಿಂತಿತು. ಅಪ್ಪ ಅದರ ತಲೆಯ ಮೇಲೆ ಕೈ ಇಟ್ಟ. ಒಳಗಿನಿಂದ ಕರೆ ಬರುವತನಕ ಕೈ ತೆಗೆಯಲಿಲ್ಲ. ಆ ದಿನ ದಸ್ತಖತ್ ಮಾಡಿದ ಮೇಲೆ ಗುಮಾಸ್ತರನ್ನು ಕೇಳಿದ, "ಈ ಕಾಗದ ಎಷ್ಟು ದಿನ ನಡೀತದ್ರಿ ಸಾಹೇಬ್ರ?"

"ಈ ನೇಮಕಾತಿಗಿ ನಡೀತದ. ಮುಂದಿನದಕ್ಕ ಮತ್ತ ಬರಬೇಕಾಗ್ತದ. ನಿಮಗೂ ತಿರುಗಾಡೂ ತ್ರಾಸ."

"ಇರಲಿ ಬಿಡ್ರಿ" ಎಂದ ಅಪ್ಪ. "ತ್ರಾಸೇನಿಲ್ಲ."

ಬಾಗಿಲಲ್ಲಿ ನಿಂತಿದ್ದ ನನಗೆ ಅದು ಕೇಳಿಸಿತು. ಅಪ್ಪನೂ ಅವಧಿ ಮುಗಿಯುವುದನ್ನೇ ಕಾಯುತ್ತಿದ್ದಾನೆ ಎಂದು ಆಗ ತಿಳಿಯಿತು. ಅವತ್ತಿನಿಂದ ಅಪ್ಪನ ಮೇಲಿನ ಸಿಟ್ಟು ಹೋಯಿತು. ಸಿಟ್ಟಿದ್ದಾಗಲೇ ಹಗುರಿತ್ತು. ಅದು ಹೋದ ಮೇಲೆ ಬರೀ ನೆನಪು ಉಳಿದು, ಬೆಳಗಿನ ಹೊತ್ತು ಎಲ್ಲಿಂದಲೋ ಪತ್ರಿಯ ವಾಸನೆ ಬಂದಂತಾಗಿ ಎಚ್ಚರವಾಗುತ್ತಿತ್ತು.

ತೊಂಬತ್ತರ ದಶಕದ ಮೊದಲಿಗೆ, ವಯಸ್ಸಿನ ಮಿತಿ ಇನ್ನೇನು ಮೀರುತ್ತದೆ ಎನ್ನುವಾಗ, ಆಯ್ಕೆಪಟ್ಟಿಯಲ್ಲಿ ನನ್ನ ಹೆಸರು ಬಂತು. ಅಫಜಲಪುರ ತಾಲೂಕಿನ ಒಂದು ಹಳ್ಳಿಯ ಶಾಲೆ. ಆದರೆ ಹೊಸ ನಿಯಮ ಬಂದಿತ್ತು. ಪ್ರಮಾಣಪತ್ರ ಇದ್ದರೆ ಸಾಲದು, ಅದು ಖರೆಯದು ಎಂದು ಜಿಲ್ಲೆಯ ಸಮಿತಿ ನೋಡಿ ಸಿಂಧುತ್ವ ಪತ್ರ ಕೊಡಬೇಕು. ಆಗ ಮಾತ್ರ ನೌಕರಿಗೆ ಹಾಜರಾಗಬಹುದು. ಬೇರೆ ಜಾತಿಯವನನ್ನು ಮದುವೆಯಾದವಳೆಂದು ನನ್ನ ಕಡತವನ್ನು ಬೇರೆ ತೆಗೆದಿಟ್ಟಿದ್ದರು. ಅಪ್ಪ ಗುಲಬರ್ಗಾಕ್ಕೇ ಬರಬೇಕಾಯಿತು.

ಅಲ್ಲಿಯ ಅಧಿಕಾರಿ ಚುರುಕಿನವರು. ನಮ್ಮ ಮನೆಯ ದೇವರು, ಲಗ್ನದ ಪದ್ಧತಿ, ಪತ್ರಿಯ ಕೆಲಸ, ಎಲ್ಲ ಕೇಳಿದರು. ಅಪ್ಪ ಒಂದೊಂದಕ್ಕೂ ತಡವರಿಸದೆ ಹೇಳಿದ. ಕೊನೆಗೆ ಅವರು, "ಊರವರು ಹಿಂದೊಮ್ಮೆ ನಿಮಗೆ ಮಗಳಿಲ್ಲ ಅಂದಿದ್ದಾರಲ್ಲ?" ಎಂದು ಹಳೆಯ ವರದಿ ತೋರಿಸಿದರು. ಇಲ್ಲಿ ತಪ್ಪಿದರೆ ನೌಕರಿ ಇಲ್ಲ, ಮತ್ತೆ ಅರ್ಜಿ ಹಾಕಲಿಕ್ಕೆ ವಯಸ್ಸಿಲ್ಲ.

"ಅವರದೇನ್ ತಪ್ಪಿಲ್ರಿ. ನಾನೇ ಹಂಗ ಅಂದಿದ್ದೆ" ಎಂದ ಅಪ್ಪ. "ಸಿಟ್ಟಿನಾಗ ಅಂದದ್ದು. ಹುಟ್ಟಿಸಿದ್ದು ಸುಳ್ಳ ಆಗ್ತದೇನ್ರಿ?"

ಅಧಿಕಾರಿ ನಕ್ಕು ಬರೆದುಕೊಂಡರು. ಸಿಂಧುತ್ವ ಸಿಕ್ಕಿತು. ಹೊರಗೆ ಬರುವಾಗ ಅಪ್ಪ ಅಲ್ಲಿಯ ಜವಾನನನ್ನು ಕೇಳಿದ, "ಇನ್ನ ಮುಂದಿನ ವರ್ಷ ಯಾವಾಗ ಬರಬೇಕು?"

"ಬರೂದು ಬ್ಯಾಡ್ರಿ ಯಜಮಾನ್ರ. ಇದಕ್ಕ ಅವಧಿ ಇಲ್ಲ, ಖಾಯಂ ಆತು."

ಅಪ್ಪ ಮೆಟ್ಟಿಲ ಮೇಲೆ ನಿಂತೇ ಇದ್ದ. ನಾನೂ ನಿಂತಿದ್ದೆ. ಹತ್ತು ಜನ ಬಂದು ನನಗೆ ಶುಭ ಹೇಳಿದರು. ಗಂಡ ಪೇಢೆ ತರಲಿಕ್ಕೆ ಹೋಗಿದ್ದ. ಅವನು ಬರುವುದರೊಳಗೆ ಅಪ್ಪ ಹೋಗಿಬಿಟ್ಟಿದ್ದ.

ಅಫಜಲಪುರದ ಕಡೆಯ ಶಾಲೆಯಲ್ಲಿ ನಾನು ಬಾಯಾರಾದೆ. ಅಪ್ಪ ಊರಿಗೆಲ್ಲ ಹೇಳಿಕೊಂಡು ಬಂದಿದ್ದ ಮಾತು ಖರೆಯಾಗಿತ್ತು, ಈಗ ಅವನು ಅದನ್ನು ಊರಲ್ಲಿ ಯಾರಿಗೂ ಹೇಳುವಂತಿರಲಿಲ್ಲ. ಪಂಚಮಿ ಬಂತು, ಜೊತೆಯ ಶಿಕ್ಷಕಿಯರು ತವರಿಗೆ ಹೋದರು. ನನ್ನ ಹತ್ತಿರ ಖಾಯಂ ಕಾಗದವಿತ್ತು. ಅದನ್ನು ಪೆಟ್ಟಿಗೆಯಿಂದ ತೆಗೆದು ನೋಡಿದಾಗಲೆಲ್ಲ ಹರಿದು ಹಾಕಬೇಕು ಎನ್ನಿಸುತ್ತಿತ್ತು. ಇದರ ಹಿಂದೆ ಎಷ್ಟು ವರ್ಷ ತಿರುಗಿದ್ದೆ, ಸಿಕ್ಕ ಮೇಲೆ ಇದೇ ನನ್ನ ದಾರಿ ಮುಚ್ಚಿತ್ತು.

ದೀಪಾವಳಿಯ ರಜೆಯ ಮುಂಚೆ ತಡೆಯಲಾಗಲಿಲ್ಲ. ನಮ್ಮೂರಿಗೆ ಹೋಗುವ ಬಸ್ಸಿನ ಕಂಡಕ್ಟರನ ಕೈಯಲ್ಲಿ ಮಾತು ಕಳಿಸಿದೆ: ಮತ್ತೆ ಹೇಳಿಕೆ ಬೇಕಂತೆ, ಸೋಮವಾರ ಆಳಂದಕ್ಕೆ ಬರಬೇಕಂತೆ. ಸುಳ್ಳು. ಅಪ್ಪ ತಾನೇ ಜವಾನನನ್ನು ಕೇಳಿ ತಿಳಿದುಕೊಂಡವನು. ಬರುವುದಿಲ್ಲವೆಂದೇ ಅಂದುಕೊಂಡು ಹೋದೆ.

ಅಪ್ಪ ನನಗಿಂತ ಮುಂಚೆಯೇ ಬಂದು ಬೆಂಚಿನ ಮೇಲೆ ಕೂತಿದ್ದ. ಪಕ್ಕದಲ್ಲಿ ಗಂಟಿತ್ತು. ಎಂದಿನಂತೆ ಎದ್ದು ಒಳಗೆ ಹೋದ, ನಾನು ಹಿಂದಿನಿಂದ ಹೋದೆ. ಗುಮಾಸ್ತರು ನಿವೃತ್ತಿಗೆ ಬಂದಿದ್ದರು. ನಮ್ಮಿಬ್ಬರನ್ನೂ ನೋಡಿ ಆಶ್ಚರ್ಯಪಟ್ಟರು.

"ಬಾಯಾರ, ನಿಮ್ಮದು ಸಿಂಧುತ್ವ ಆಗ್ಯಾದಲ್ಲ? ಮತ್ತ್ಯಾಕ ಬಂದೀರಿ?"

ತಲೆ ತಗ್ಗಿಸಿದೆ. ಅಪ್ಪ ಟೇಬಲ್ಲಿನ ಮೇಲೆ ಎರಡೂ ಕೈ ಊರಿ ನಿಂತ.

"ಇರಲಿ ಸಾಹೇಬ್ರ. ಒಮ್ಮಿ ಕೇಳ್ರಿ."

"ಏನ್ ಕೇಳಲಿ?"

"ಪ್ರತಿ ಸಲ ಕೇಳ್ತೀರಲ್ಲ, ಅದೇ. ಈಕಿ ನಿಮಗ ಏನಾಗಬೇಕು ಅಂತ."

ಗುಮಾಸ್ತರು ಅಪ್ಪನನ್ನು ನೋಡಿದರು, ನನ್ನನ್ನು ನೋಡಿದರು. ಕನ್ನಡಕ ತೆಗೆದು ಒರೆಸಿ ಮತ್ತೆ ಹಾಕಿಕೊಂಡರು. ಕುರ್ಚಿಯಲ್ಲಿ ನೆಟ್ಟಗೆ ಕೂತು, ಕಚೇರಿಯ ದನಿಯಲ್ಲೇ ಕೇಳಿದರು, "ಈಕಿ ನಿಮಗ ಏನಾಗಬೇಕ್ರಿ?"

"ನನ್ನ ಮಗಳ್ರಿ" ಎಂದ ಅಪ್ಪ.

ಈ ಸಲ ಅವನು ಗೋಡೆ ನೋಡಲಿಲ್ಲ. ನನ್ನ ಕಡೆ ತಿರುಗಿ, ನನ್ನನ್ನು ನೋಡಿ ಹೇಳಿದ.